‘ಫ್ಯೆಲ್ಡ್’ ಅಂದರೆ ಬೆಟ್ಟವೋ ಬಯಲೋ? ನಾರ್ವೆಯಿಂದ ಇಂಗ್ಲಿಷಿಗೆ ಹೋದ ಒಂದು ಪದದ ತಕರಾರು

ಹಾಳೆಹುಳು:
ಎಲ್ಲರಿಗೂ ನಮಸ್ಕಾರ. 1880ರ ದಶಕದ ಒಂದು ಇಂಗ್ಲಿಷ್ ಪ್ರವಾಸ ಕಥನವನ್ನು ಕನ್ನಡಕ್ಕೆ ತರುತ್ತಿದ್ದೇನೆ. ನಾರ್ವೆಗೆ ಹೋಗಿ ಸಾಲ್ಮನ್ ಮೀನು ಹಿಡಿದು, ಹಿಮಸಾರಂಗದ ಬೇಟೆಯಾಡಿ ಬಂದ ಒಬ್ಬ ಸಾಹೇಬರ ಬರಹ. ಅದರಲ್ಲಿ ‘ಫ್ಯೆಲ್ಡ್’ ಅನ್ನೋ ಪದ ಮತ್ತೆ ಮತ್ತೆ ಬರುತ್ತದೆ. ಕಾಗುಣಿತ ಎಫ್, ಜೆ, ಇ, ಎಲ್, ಡಿ. ನಿಘಂಟು ತೆಗೆದರೆ ‘ಸ್ಕ್ಯಾಂಡಿನೇವಿಯಾದ ಎತ್ತರದ ಬಂಜರು ಪ್ರಸ್ಥಭೂಮಿ’ ಎಂದಿದೆ. ಸರಿ ಅಂತ ಹಾಗೇ ಬರೆದುಕೊಂಡು ಹೊರಟೆ. ಮುಂದಿನ ಅಧ್ಯಾಯದಲ್ಲಿ ಊರಿನವರು ಹಸುಗಳನ್ನು ‘ಫ್ಯೆಲ್ಡ್’ಗೆ ಹೊಡೆದುಕೊಂಡು ಹೋಗುತ್ತಾರೆ! ಬಂಜರು ಪ್ರಸ್ಥಭೂಮಿಯಲ್ಲಿ ಹಸು ಏನು ತಿನ್ನುತ್ತದೆ? ಇನ್ನೊಂದು ಕಡೆ ಸಾಹೇಬರು ಫ್ಯೆಲ್ಡ್ ‘ಹತ್ತುತ್ತಾರೆ’. ಮತ್ತೊಂದು ಕಡೆ ‘ಡೋವ್ರೆ ಫೀಲ್ಡ್’ ಅಂತ ಇದೆ, ಹೊಲ ಅನ್ನೋ ಅರ್ಥದ ಫೀಲ್ಡಿನ ಹಾಗೇ ಬರೆದಿದ್ದಾರೆ. ಇದು ಬೆಟ್ಟವೋ, ಬಯಲೋ, ಹೊಲವೋ? ಗೊತ್ತಿದ್ದವರು ದಯವಿಟ್ಟು ಹೇಳಿ.

ಪದಬಂಧ:
ಅರ್ಥ ಗೊತ್ತಿಲ್ಲ ಮೇಡಂ. ಸ್ಕ್ರಾಬಲ್‌ನಲ್ಲಿ ಮಾತ್ರ ನನಗೆ ಹಳೇ ಪರಿಚಯ, ಅಕ್ಷರ ಜೋಡಿಸಿ ಇಂಗ್ಲಿಷ್ ಪದ ಕಟ್ಟುವ ಹಲಗೆಯ ಆಟ ಅದು. 16 ಅಂಕ. ಅಂಕ ಹೆಚ್ಚಿಸುವ ಚೌಕದಲ್ಲಿ ಅಕ್ಷರಕ್ಕೆ ಜಾಗ ಸಿಕ್ಕರೆ ಇನ್ನೂ ಜಾಸ್ತಿ. ‘ಫ್ಯೋರ್ಡ್’ಗೂ (ಸಮುದ್ರ ಒಳನುಗ್ಗಿದ ಕಡಿದಾದ ಕಣಿವೆ) ಅಷ್ಟೇ ಅಂಕ. ನಾನು ನೋಡಿದ ಮಟ್ಟಿಗೆ ಇವತ್ತು ಈ ಪದ ಜೀವಂತ ಇರುವುದು ಆ ಹಲಗೆಯ ಮೇಲೆಯೇ.

ಬರ್ಗನ್‌ವಾಸಿ:
ಪದಬಂಧ ಅವರ ಮಾತಿನಲ್ಲಿ ಅರ್ಧ ನಿಜ ಇದೆ. ‘ಡಿ’ ಇರುವ ಆ ರೂಪವನ್ನು ನಾರ್ವೆಯಲ್ಲಿ ಈಗ ಯಾರೂ ಬರೆಯುವುದಿಲ್ಲ. ಇಲ್ಲಿ ಈಗಿನ ರೂಪ ‘ಫ್ಯೆಲ್’, ಕೊನೆಯಲ್ಲಿ ಎರಡು ಎಲ್. ಸ್ವೀಡನ್ನಿನವರದೂ ಹೆಚ್ಚುಕಡಿಮೆ ಅದೇ ಉಚ್ಚಾರ, ಸ್ವರಾಕ್ಷರದ ಮೇಲೆ ಎರಡು ಚುಕ್ಕಿ ಇಡುತ್ತಾರೆ ಅಷ್ಟೆ.

ಆ ‘ಡಿ’ ಬಂದದ್ದು ಡೆನ್ಮಾರ್ಕಿನಿಂದ. ನಾರ್ವೆ 1814ರವರೆಗೆ ಡೆನ್ಮಾರ್ಕಿನ ರಾಜನ ಕೈಕೆಳಗಿತ್ತು. ರಾಜ ಹೋದ ಮೇಲೂ ಓದುಬರಹದ ಭಾಷೆ ಡೇನಿಶ್ ಆಗಿಯೇ ಉಳಿಯಿತು. 1907 ಮತ್ತು 1917ರ ಕಾಗುಣಿತ ಸುಧಾರಣೆಗಳಲ್ಲಿ ನಾರ್ವೆಯವರು ತಮ್ಮ ಬಾಯಿಗೆ ಹೊಂದುವ ಹಾಗೆ ಬರಹವನ್ನು ತಿದ್ದಿಕೊಂಡರು. ನಿಮ್ಮ ಸಾಹೇಬರು ಬಂದದ್ದು ಅದಕ್ಕಿಂತ ಮುಂಚೆ. ಅವರು ನಕ್ಷೆಯಲ್ಲಿ, ತಂಗುದಾಣದ ಬೋರ್ಡಿನಲ್ಲಿ ಕಂಡದ್ದನ್ನು ಬರೆದುಕೊಂಡು ಹೋದರು. ಇಂಗ್ಲಿಷ್ ನಿಘಂಟು ಅದನ್ನು ಹಾಗೇ ಇಟ್ಟುಕೊಂಡಿತು. ತಮಾಷೆ ಏನೆಂದರೆ ಡೇನಿಶ್‌ನಲ್ಲೂ ಆ ‘ಡಿ’ ಉಚ್ಚಾರ ಆಗುವುದಿಲ್ಲ. ಇಂಗ್ಲಿಷ್ ಓದುಗರು ಮಾತ್ರ ಶ್ರದ್ಧೆಯಿಂದ ‘ಡ್’ ಅಂತ ಮುಗಿಸುತ್ತಾರೆ.

ಇನ್ನೂ ತಮಾಷೆ ಬೇಕಾ? ಕಾಗುಣಿತ ಕೊಟ್ಟ ಡೆನ್ಮಾರ್ಕಿನಲ್ಲಿ ಬೆಟ್ಟವೇ ಇಲ್ಲ. ಅಲ್ಲಿನ ಅತಿ ಎತ್ತರದ ಜಾಗ ಮೊಲ್ಲೆಹೊಯ್, ಸುಮಾರು 171 ಮೀಟರ್. 147 ಮೀಟರಿನ ಒಂದು ದಿಬ್ಬಕ್ಕೆ ‘ಆಕಾಶದ ಬೆಟ್ಟ’ ಅಂತ ಹೆಸರಿಟ್ಟಿದ್ದಾರೆ. ಗ್ರೀನ್‌ಲ್ಯಾಂಡ್ ಡೆನ್ಮಾರ್ಕಿನ ರಾಜ್ಯಕ್ಕೆ ಸೇರಿದ್ದರಿಂದ ಅಲ್ಲಿ ಮಾತ್ರ ಹಳೇ ರೂಪ ರಾಜಾರೋಷವಾಗಿ ಉಳಿದಿದೆ. ಗುನ್‌ಬ್ಯೋರ್ನ್ ಫ್ಯೆಲ್ಡ್, 3,694 ಮೀಟರ್, ಇಡೀ ಆರ್ಕ್ಟಿಕ್ ಪ್ರದೇಶದಲ್ಲೇ ಎತ್ತರದ ಶಿಖರ. ಇದು ಪ್ರಸ್ಥಭೂಮಿ ಅಲ್ಲವೇ ಅಲ್ಲ.

ಈಗ ಅರ್ಥಕ್ಕೆ ಬರೋಣ. ನಾರ್ವೆಯವರಿಗೆ ‘ಫ್ಯೆಲ್’ ಅಂದರೆ ಬೆಟ್ಟವೂ ಹೌದು, ಬೆಟ್ಟದ ಮೇಲಿನ ಬಯಲುಸೀಮೆಯೂ ಹೌದು. ಚಪ್ಪಟೆ ಪ್ರಸ್ಥಭೂಮಿಗೆಂದೇ ‘ವಿಡ್ಡೆ’ ಅನ್ನೋ ಬೇರೆ ಪದ ಇದೆ. ಸುಮಾರು 6,500 ಚದರ ಕಿಲೋಮೀಟರಿನ ಹರ್ಡಾಂಗರ್‌ವಿಡ್ಡದ ಹೆಸರಿನಲ್ಲಿರುವುದು ಅದೇ. ಆದರೂ ಅಲ್ಲಿಗೆ ಹೊರಟವರನ್ನು ಎಲ್ಲಿಗೆ ಅಂತ ಕೇಳಿ ನೋಡಿ, ‘ಫ್ಯೆಲ್ಲಿಗೆ’ ಅನ್ನುತ್ತಾರೆ. ನೆಲ ಹಲಗೆಯಷ್ಟು ಚಪ್ಪಟೆ ಇದ್ದರೂ ಅದು ಫ್ಯೆಲ್ಲೇ. ಮರ ಮುಗಿಯಿತಾ? ಹಾಗಾದರೆ ಫ್ಯೆಲ್ ಶುರುವಾಯಿತು. ಆಡುಮಾತಿನ ಲೆಕ್ಕ ಸುಮಾರಾಗಿ ಇದೇ.

ಬರ್ಗನ್‌ನಿಂದ ಓಸ್ಲೋ ರೈಲು ಹತ್ತಿದರೆ ಇದನ್ನು ಕಿಟಕಿಯಲ್ಲೇ ನೋಡಬಹುದು. ವೋಸ್ ದಾಟುವವರೆಗೂ ಪೈನ್ ಕಾಡು. ಮಿರ್ಡಾಲ್ ಸ್ಟೇಷನ್ 867 ಮೀಟರ್ ಎತ್ತರದಲ್ಲಿದೆ, ಅಷ್ಟು ಹೊತ್ತಿಗೆ ಬರ್ಚ್ ಮರ ಮಾತ್ರ ಉಳಿದಿರುತ್ತದೆ. ಅದೂ ನೆಟ್ಟಗೆ ನಿಂತಿರುವುದಿಲ್ಲ. ಚಳಿಗಾಲದ ಹಿಮದ ಭಾರಕ್ಕೆ ಬುಡದಲ್ಲೇ ಬಾಗಿ, ಒಂದೇ ಬೇರಿನಿಂದ ನಾಲ್ಕೈದು ಸೊಟ್ಟ ಕಾಂಡ ಎದ್ದಿರುತ್ತವೆ. ಆಮೇಲೆ ಸೊಂಟದೆತ್ತರ, ಆಮೇಲೆ ಮೊಣಕಾಲೆತ್ತರ, ಆಮೇಲೆ ಏನೂ ಇಲ್ಲ. ಫಿನ್ಸೆ ಸ್ಟೇಷನ್ 1,222 ಮೀಟರ್. ಅಲ್ಲಿ ಇಳಿದರೆ ಕಲ್ಲು, ಪಾಚಿ, ನೀರು, ದೂರದಲ್ಲಿ ಹಿಮನದಿ. ಬೇಸಿಗೆಯಲ್ಲೂ ಜಾಕೆಟ್ ಬೇಕು.

ಭೂಗೋಳಮೇಷ್ಟ್ರು:
ಆ ಮೇಲ್ಮೈ ಯಾಕೆ ಅಷ್ಟು ಚಪ್ಪಟೆ ಅನ್ನುವುದನ್ನೂ ಸೇರಿಸುತ್ತೇನೆ. ಸ್ಕ್ಯಾಂಡಿನೇವಿಯಾದಲ್ಲಿ ಸುಮಾರು 40 ಕೋಟಿ ವರ್ಷಗಳ ಹಿಂದೆ ದೊಡ್ಡ ಪರ್ವತಸಾಲು ಎದ್ದಿತ್ತು. ಅದು ಸವೆದು ಸವೆದು ಬಹುಪಾಲು ತಗ್ಗಾಯಿತು. ಎಷ್ಟೋ ಕಾಲದ ಮೇಲೆ ಆ ನೆಲವೇ ಮತ್ತೆ ಮೇಲಕ್ಕೆದ್ದಿತು. ಆಮೇಲೆ ಹಿಮಯುಗಗಳು ಬಂದವು. ಹಿಮನದಿಗಳು ಹಳೇ ಕಣಿವೆಗಳನ್ನು ಹಿಡಿದು ಸಮುದ್ರದ ಕಡೆ ಆಳವಾಗಿ ಕೊರೆದವು. ಸೋಗ್ನೆ ಫ್ಯೋರ್ಡಿನ ಆಳ ಸುಮಾರು 1,300 ಮೀಟರ್. ಅದರ ದಡದ ಗೋಡೆ ಹತ್ತಿ ಮೇಲೆ ಹೋದರೆ ಇದ್ದಕ್ಕಿದ್ದಂತೆ ಉಬ್ಬುತಗ್ಗಿನ ಬಯಲು ಸಿಗುತ್ತದೆ. ಹಾಗಾಗಿ ಸಾಹೇಬರು ಫ್ಯೆಲ್ಡ್ ‘ಹತ್ತುವುದು’ ಸರಿಯೇ. ದಡದಿಂದ ನೋಡಿದರೆ ಅದು ಗೋಡೆ, ಮೇಲೆ ಹೋದವರಿಗೆ ಬಯಲು.

ಮರ ಇಲ್ಲದಿರುವುದಕ್ಕೆ ಕಾರಣ ಎತ್ತರ ಒಂದೇ ಅಲ್ಲ, ಬೇಸಿಗೆಯ ಬಿಸಿ. ಅತಿ ಬೆಚ್ಚಗಿನ ತಿಂಗಳ ಸರಾಸರಿ ಸುಮಾರು 10 ಡಿಗ್ರಿಗಿಂತ ಕೆಳಗಿದ್ದರೆ ಮರ ಬೆಳೆಯುವುದು ಕಷ್ಟ. ದಕ್ಷಿಣ ನಾರ್ವೆಯ ಒಳನಾಡಿನಲ್ಲಿ ಆ ಗೆರೆ 1,000ದಿಂದ 1,200 ಮೀಟರಿನ ಆಸುಪಾಸಿನಲ್ಲಿದೆ. ಉತ್ತರಕ್ಕೆ ಹೋದ ಹಾಗೆ ಇಳಿಯುತ್ತಾ ಕೆಲವು ನೂರು ಮೀಟರಿಗೆ ಬರುತ್ತದೆ.

ಇಷ್ಟು ನೋಡಿದ ಮೇಲೂ ನನ್ನ ಮತ ‘ಪ್ರಸ್ಥಭೂಮಿ’ಗೇ. ಪಠ್ಯಪುಸ್ತಕದ ಪದ, ಎಲ್ಲರಿಗೂ ಗೊತ್ತು.

ಕೆಂಡಲ್‌ಕಾಕಾ:
ಮೇಷ್ಟ್ರೇ, ಸ್ವಲ್ಪ ತಡೀರಿ. ನಾನಿರೋದು ಇಂಗ್ಲೆಂಡಿನ ಕಂಬ್ರಿಯಾದಲ್ಲಿ. ಈ ಪದವನ್ನು ಇಂಗ್ಲಿಷಿನವರು ಎರಡು ಸಲ ಸಾಲ ತಗೊಂಡಿದ್ದಾರೆ ಅನ್ನೋದನ್ನ ಇನ್ನೂ ಯಾರೂ ಹೇಳಲಿಲ್ಲವಲ್ಲ.

ಎರಡನೇ ಸಾಲ ಹಾಳೆಹುಳು ಅವರ ಸಾಹೇಬರ ಕಾಲದ್ದು. ಮೊದಲನೇದು ಅದಕ್ಕಿಂತ ಸಾವಿರ ವರ್ಷ ಹಳೇದು. ಹತ್ತನೇ ಶತಮಾನದ ಹೊತ್ತಿಗೆ ಐರ್ಲೆಂಡ್, ಮ್ಯಾನ್ ದ್ವೀಪದ ಕಡೆಯಿಂದ ನಾರ್ಸ್ ಜನ, ಅಂದರೆ ಸ್ಕ್ಯಾಂಡಿನೇವಿಯಾ ಮೂಲದವರು, ಇಲ್ಲಿಗೆ ಬಂದು ಹೊಲ ಮಾಡಿಕೊಂಡು ಕೂತರು. ಅವರ ‘ಫ್ಯಾಲ್’ ಇಲ್ಲಿ ‘ಫೆಲ್’ ಆಯಿತು. ಅದೊಂದೇ ಅಲ್ಲ. ಹಳ್ಳಕ್ಕೆ ‘ಬೆಕ್’, ಬೆಟ್ಟದ ಮೇಲಿನ ಸಣ್ಣ ಕೆರೆಗೆ ‘ಟಾರ್ನ್’, ಜಲಪಾತಕ್ಕೆ ‘ಫೋರ್ಸ್’, ಕಾಡು ಕಡಿದು ಮಾಡಿದ ಜಾಗಕ್ಕೆ ‘ಥ್ವೇಟ್’. ಎಲ್ಲಾ ಅವರದೇ. ಇಂಗ್ಲೆಂಡಿನ ಅತಿ ಎತ್ತರದ ಬೆಟ್ಟ ಸ್ಕಾಫೆಲ್ ಪೈಕ್, 978 ಮೀಟರ್. ಮ್ಯಾನ್ ದ್ವೀಪದಲ್ಲಿ ಸ್ನೇಫೆಲ್, 621 ಮೀಟರ್, ಹೆಸರಿನ ಅರ್ಥ ಹಿಮದ ಬೆಟ್ಟ. ಐಸ್‌ಲ್ಯಾಂಡಿನಲ್ಲೂ ಅದೇ ಹೆಸರಿನದೊಂದು ಇದೆ.

ಈಗ ಮುಖ್ಯ ವಿಷಯ. ಇಲ್ಲಿನ ಕುರಿ ಸಾಕುವವರ ಬಾಯಲ್ಲಿ ‘ಫೆಲ್’ ಅಂದರೆ ಶಿಖರ ಅಲ್ಲ. ಅವರ ಹೊಲ ಮೂರು ಪಟ್ಟಿ. ಮನೆ ಸುತ್ತ ಕಣಿವೆಯ ತಳದಲ್ಲಿ ಹುಲ್ಲು ಕೊಯ್ಯುವ ಒಳ್ಳೇ ಗದ್ದೆ, ಅದು ‘ಇನ್‌ಬೈ’. ಅದರ ಮೇಲೆ ಇಳಿಜಾರಿನಲ್ಲಿ ಕಲ್ಲುಗೋಡೆ ಕಟ್ಟಿ ಸೇರಿಸಿಕೊಂಡದ್ದು ‘ಇನ್‌ಟೇಕ್’. ಕೊನೇ ಗೋಡೆಯ ಆಚೆಗಿರೋದು ‘ಫೆಲ್’. ಆ ಗೋಡೆಗೇ ‘ಫೆಲ್ ವಾಲ್’ ಅಂತ ಹೆಸರು. ಬಹಳ ಕಡೆ ಅದು ಹಲವು ಮನೆಯವರಿಗೆ ಸೇರಿದ ಸಾಮೂಹಿಕ ಹುಲ್ಲುಗಾವಲು. ಬೇಲಿಯಿಲ್ಲ. ಆದರೂ ಹರ್ಡ್‌ವಿಕ್ ಕುರಿಗಳು ತಮ್ಮ ತಮ್ಮ ಪಾಲಿನ ಜಾಗ ಬಿಟ್ಟು ಹೋಗೋದಿಲ್ಲ. ತಾಯಿಕುರಿಯ ಹಿಂದೆ ಓಡಾಡಿ ಮರಿ ಗಡಿ ಕಲಿಯುತ್ತದೆ. ಇದಕ್ಕೆ ‘ಹೆಫ್ಟ್’ ಅನ್ನುತ್ತಾರೆ. 2001ರಲ್ಲಿ ಕಾಲುಬಾಯಿ ರೋಗ ಬಂದು ಹಿಂಡುಹಿಂಡೇ ಕೊಲ್ಲಬೇಕಾಗಿ ಬಂದಾಗ ಜನ ಹೆದರಿದ್ದು ಇದಕ್ಕೇ. ಹೊಸ ಕುರಿ ಸಂತೆಯಲ್ಲಿ ಸಿಗುತ್ತದೆ. ಗಡಿ ಗೊತ್ತಿರುವ ಕುರಿ ಎಲ್ಲಿ ಸಿಗಬೇಕು?

ನಿಮ್ಮ ಪುಸ್ತಕದಲ್ಲಿ ಹಸು ಫ್ಯೆಲ್ಡಿಗೆ ಹೋದದ್ದು ಇದೇ ಅರ್ಥದಲ್ಲಿ. ‘ಪ್ರಸ್ಥಭೂಮಿ’ ಅಂತ ಹಾಕಿದರೆ ಗೋಡೆ, ಕುರಿ, ಜನ ಎಲ್ಲಾ ಮಾಯ.

ಹಾಳೆಹುಳು:
ಕಾಕಾ, ತುಂಬಾ ಉಪಕಾರ. ಹಸುವಿನ ಸಮಸ್ಯೆ ಬಗೆಹರಿಯಿತು. ಒಂದು ಅನುಮಾನ ಉಳಿದಿದೆ. ‘ಡೋವ್ರೆ ಫೀಲ್ಡ್’ನ ಫೀಲ್ಡ್ ಮತ್ತು ಹೊಲದ ಫೀಲ್ಡ್ ಒಂದೇ ಮೂಲದವಾ?

ಬರ್ಗನ್‌ವಾಸಿ:
ಅಲ್ಲ. ಹೊಲದ ‘ಫೀಲ್ಡ್’ ಚಪ್ಪಟೆ ನೆಲ ಅನ್ನುವ ಬೇರಿನದು. ‘ಫ್ಯೆಲ್’ ಬಂಡೆ ಅನ್ನುವ ಬೇರಿನದು. ಜರ್ಮನ್‌ನಲ್ಲಿ ಬಂಡೆಗೆ ‘ಫೆಲ್ಸ್’ ಅನ್ನುವುದು ಅದರ ನೆಂಟ. ಹಳೇ ಇಂಗ್ಲಿಷ್ ಬರಹಗಾರರು ಕಿವಿಗೆ ಹತ್ತಿರ ಅನಿಸಿದ್ದಕ್ಕೆ ‘ಫೀಲ್ಡ್’ ಅಂತಲೂ ಬರೆದರು. ಕೆಲವು ನಿಘಂಟುಗಳಲ್ಲಿ ಆ ರೂಪವೂ ಇದೆ. ನೀವು ಅದನ್ನು ‘ಡೋವ್ರೆಫ್ಯೆಲ್’ ಅಂತ ತಿದ್ದಿಬಿಡಿ. ಅಲ್ಲಿನ ಸ್ನೋಹೆಟ್ಟಾ ಶಿಖರ 2,286 ಮೀಟರ್. 1814ರಲ್ಲಿ ಐಡ್ಸ್‌ವೋಲ್‌ನಲ್ಲಿ ಸಂವಿಧಾನ ಬರೆದವರು ‘ಡೋವ್ರೆ ಕುಸಿಯುವವರೆಗೂ ಒಗ್ಗಟ್ಟಾಗಿ, ನಿಷ್ಠರಾಗಿ ಇರುತ್ತೇವೆ’ ಅಂತ ಆಣೆ ಮಾಡಿದ್ದು ಇದೇ ಡೋವ್ರೆಯ ಮೇಲೆ. ಅದನ್ನು ‘ಡೋವ್ರೆ ಹೊಲ’ ಅಂತ ಬರೆದರೆ ನಾರ್ವೆಯವರು ಕೋರ್ಟಿಗೆ ಹೋಗದಿದ್ದರೂ ಬೇಜಾರಂತೂ ಮಾಡಿಕೊಳ್ಳುತ್ತಾರೆ.

ಅಡಿಕೆಸಿಪ್ಪೆ:
ಕಾಕಾ ಹೇಳಿದ್ದು ಓದಿ ನಮ್ಮ ಶಿರಸಿ ಕಡೆಯ ‘ಬೆಟ್ಟ’ ನೆನಪಾಯ್ತು. ನಮ್ಮಲ್ಲಿ ‘ಬೆಟ್ಟಕ್ಕೆ ಹೋಗಿದ್ದಾನೆ’ ಅಂದರೆ ಚಾರಣಕ್ಕೆ ಹೋಗಿದ್ದಾನೆ ಅಂತಲ್ಲ ಮಾರಾಯ್ರೆ. ಅಡಿಕೆ ತೋಟಕ್ಕೆ ಅಂಟಿಕೊಂಡು ಬರುವ ಸೊಪ್ಪಿನ ಬೆಟ್ಟಕ್ಕೆ ಹೋಗಿದ್ದಾನೆ ಅಂತ. ಅದು ಎತ್ತರ ಇರಲೇಬೇಕು ಅಂತಿಲ್ಲ. ತೋಟ ಇದ್ದವರಿಗೆ ಅಲ್ಲಿಂದ ಸೊಪ್ಪು, ದರಕು (ಒಣಗಿ ಬಿದ್ದ ಎಲೆ) ತರುವ ಹಕ್ಕಿದೆ. ನೆಲ ಮಾತ್ರ ಸರ್ಕಾರದ್ದು. ಹುಲ್ಲಿನ ಜಾಗಕ್ಕೆ ‘ಬ್ಯಾಣ’ ಅಂತ ಬೇರೆ ಪದ. ಹೊರಗಿನವರಿಗೆ ಎಲ್ಲವೂ ಸುಮ್ನೆ ಗುಡ್ಡ, ಅಲ್ವಾ?

ಭೂಗೋಳಮೇಷ್ಟ್ರು:
ಸೊಪ್ಪಿನ ಬೆಟ್ಟದ ತುಂಬಾ ಮರ ಇರುತ್ತದೆ. ಇಲ್ಲಿ ಮಾತಾಡುತ್ತಿರುವುದು ಮರವೇ ಇಲ್ಲದ ಜಾಗದ ಬಗ್ಗೆ.

ಅಡಿಕೆಸಿಪ್ಪೆ:
ಫ್ಯೆಲ್ಡಿಗೆ ‘ಸೊಪ್ಪಿನ ಬೆಟ್ಟ’ ಅಂತ ಅನುವಾದ ಮಾಡಿ ಅಂತ ನಾನೆಲ್ಲಿ ಹೇಳಿದೆ ಸರ್? ಬೆಟ್ಟ ಅನ್ನೋ ಪದಕ್ಕೆ ಎತ್ತರದ ಅರ್ಥ ಒಂದೇ ಅಲ್ಲ, ಬಳಕೆಯ ಅರ್ಥವೂ ಇದೆ. ‘ಹಸುಗಳನ್ನು ಬೆಟ್ಟಕ್ಕೆ ಹೊಡೆದರು’ ಅಂದರೆ ನಮ್ಮ ಕಡೆ ಯಾರಿಗಾದರೂ ಅರ್ಥವಾಗುತ್ತದೆ. ‘ಪ್ರಸ್ಥಭೂಮಿಗೆ ಹೊಡೆದರು’ ಅಂದರೆ ಹಸುವೂ ನಗುತ್ತದೆ.

ಫಿನ್‌ಲ್ಯಾಂಡಿನಿಂದ:
ಇಂಗ್ಲಿಷಿನಲ್ಲಿ ಈ ಪದದ ಕಥೆ ಇನ್ನೂ ಮುಂದಕ್ಕೆ ಹೋಗುತ್ತದೆ. ಫಿನ್ನಿಶ್ ಭಾಷೆಯಲ್ಲಿ ಕಾಡು ಹೊದ್ದ ಗುಡ್ಡಕ್ಕೆ ‘ವಾರಾ’, ಬೋಳುತಲೆಯ ಗುಡ್ಡಕ್ಕೆ ‘ತುಂತುರಿ’. ತಲೆಯ ಮೇಲೆ ಮರ ಇದೆಯಾ ಇಲ್ಲವಾ ಅನ್ನುವುದರ ಮೇಲೆ ಪದವೇ ಬೇರೆ. ಈ ‘ತುಂತುರಿ’ ಇಲ್ಲಿನ ಉತ್ತರ ಭಾಗದ ಮೂಲನಿವಾಸಿಗಳಾದ ಸಾಮಿ ಜನರ ಭಾಷೆಯಿಂದ ಬಂದದ್ದು. ರಷ್ಯನ್ ದಾರಿಯಲ್ಲಿ ಹೋಗಿ ‘ತುಂಡ್ರಾ’ ಆದದ್ದೂ ಅದೇ ಬಳಗದ ಪದ. ಇಲ್ಲಿನ ಪ್ರವಾಸಿ ಪತ್ರಿಕೆಗಳು ತುಂತುರಿಗೆ ಇಂಗ್ಲಿಷಿನಲ್ಲಿ ಹಾಕುವುದು ‘ಫೆಲ್’, ಅಂದರೆ ಕಾಕಾ ಅವರ ಊರಿನ ಪದ. ಲ್ಯಾಪ್‌ಲ್ಯಾಂಡಿನಲ್ಲಿ ಸ್ಕೀ ಮಾಡಲು ಬಂದ ಲಂಡನ್ನಿನವರು ಈ ‘ಫೆಲ್’ ಎಲ್ಲಿಂದ ಬಂತು ಅಂತ ತಲೆ ಕೆರೆದುಕೊಳ್ಳುತ್ತಾರೆ. ಎಫ್-ಜೆ ರೂಪ ಇಲ್ಲಿ ಯಾರಿಗೂ ಬೇಡ.

ಒಂದು ಪಕ್ಕದ ಕಥೆ. ಫಿನ್‌ಲ್ಯಾಂಡಿನ ಅತಿ ಎತ್ತರದ ಜಾಗ ಹಾಲ್ತಿ ಅನ್ನೋ ತುಂತುರಿಯ ಇಳಿಜಾರಿನಲ್ಲಿದೆ, 1,324 ಮೀಟರ್. ತುದಿ ಮಾತ್ರ ಗಡಿಯ ಆಚೆ, ನಾರ್ವೆಯಲ್ಲಿ! 2017ರಲ್ಲಿ ಫಿನ್‌ಲ್ಯಾಂಡಿನ ಸ್ವಾತಂತ್ರ್ಯಕ್ಕೆ ನೂರು ವರ್ಷ ತುಂಬುವಾಗ ಆ ಬೆಟ್ಟದ ಒಂದು ತುದಿಯನ್ನು ಉಡುಗೊರೆ ಕೊಡಿ ಅಂತ ನಾರ್ವೆಯಲ್ಲೇ ಜನ ಅಭಿಯಾನ ಮಾಡಿದರು. ದೇಶವನ್ನು ಹಂಚುವ ಹಾಗಿಲ್ಲ ಅಂತ ಸಂವಿಧಾನ ಹೇಳುತ್ತದೆ ಎಂದು ಸರ್ಕಾರ ಒಪ್ಪಲಿಲ್ಲ.

ಪದಬಂಧ:
ಹಲಗೆಯ ಮೇಲೂ ಕೊಡಲ್ಲ, ನೆಲದ ಮೇಲೂ ಕೊಡಲ್ಲ.

ಕೆಂಡಲ್‌ಕಾಕಾ:
ಇಂಗ್ಲಿಷಿನಲ್ಲಿ ಇನ್ನೊಂದು ಅಡ್ಡದಾರಿಯೂ ಇದೆ. ಸಸ್ಯಶಾಸ್ತ್ರದವರು ‘ಫೆಲ್‌ಫೀಲ್ಡ್’ ಅನ್ನುತ್ತಾರೆ. ಗಾಳಿ, ಹಿಮ, ಜಲ್ಲಿಕಲ್ಲಿನ ನಡುವೆ ಅಲ್ಲಲ್ಲಿ ಗಿಡ ಅಂಟಿಕೊಂಡಿರುವ ನೆಲ. ಅದು ಡೇನಿಶ್‌ನ ‘ಫ್ಯೆಲ್ಡ್‌ಮಾರ್ಕ್’ ಅನ್ನೋ ಪದದ ಅನುವಾದ. ಆಸ್ಟ್ರೇಲಿಯಾದವರು ಅನುವಾದದ ಗೋಜಿಗೆ ಹೋಗದೆ ‘ಫೆಲ್ಡ್‌ಮಾರ್ಕ್’ ಅಂತಲೇ ಇಟ್ಟುಕೊಂಡರು. ಅವರ ಕೊಸಿಯಸ್ಕೊ ಬೆಟ್ಟದ ತುದಿಗಳಲ್ಲಿ ಅಂಥ ನೆಲ ಇದೆ. ಹಾಗಾಗಿ ಪದ ಸತ್ತಿದೆ ಅನ್ನುವುದು ಅಷ್ಟು ಸರಿಯಲ್ಲ. ವೇಷ ಬದಲಿಸಿಕೊಂಡು ಓಡಾಡುತ್ತಿದೆ.

ಚಳ್ಳಕೆರೆಹುಡುಗ:
ನನ್ನ ತಕರಾರು ‘ಬಂಜರು’ ಅನ್ನುವ ಪದದ ಬಗ್ಗೆ. ನಮ್ಮ ಕಡೆ ಅಮೃತಮಹಲ್ ಕಾವಲು ಅಂತ ದೊಡ್ಡ ಹುಲ್ಲುಗಾವಲುಗಳಿವೆ. ಮರ ಕಡಿಮೆ. ದನ, ಕುರಿ, ಕೃಷ್ಣಮೃಗ ಎಲ್ಲಾ ಬದುಕುವುದು ಆ ಹುಲ್ಲಿನ ಮೇಲೇ. ಆದರೆ ಕಡತದಲ್ಲಿ ನೋಡುವವರಿಗೆ ಅದು ಖಾಲಿ ಜಾಗ. ಖಾಲಿ ಅಂದ ಮೇಲೆ ಯಾರಿಗೆ ಬೇಕಾದರೂ ಕೊಡಬಹುದು ಅನ್ನೋ ಯೋಚನೆ ತಾನಾಗೇ ಬರುತ್ತದೆ. ಚಳ್ಳಕೆರೆಯ ಕಾವಲುಗಳನ್ನು ರಕ್ಷಣಾ, ಅಣುಶಕ್ತಿ, ವಿಜ್ಞಾನ ಸಂಸ್ಥೆಗಳಿಗೆ ಹಂಚಿದ್ದು ಹಾಗೆಯೇ. ಜನ ಹಸಿರು ನ್ಯಾಯಮಂಡಳಿಯವರೆಗೂ ಹೋದರು. ನಾರ್ವೆಯ ಬೆಟ್ಟವನ್ನು ಬಂಜರು ಅಂದದ್ದು ಇಂಗ್ಲಿಷ್ ನಿಘಂಟಾ, ಅಲ್ಲಿಯವರಾ?

ಬರ್ಗನ್‌ವಾಸಿ:
ಒಳ್ಳೇ ಪ್ರಶ್ನೆ. ನಾರ್ವೆಯವರಲ್ಲೂ ‘ಸ್ನೌಫ್ಯೆಲ್’ ಅಂತ ಪದ ಇದೆ. ಬೋಳುಬೆಟ್ಟ ಅಂತ ಅರ್ಥ. ಮರ ಇಲ್ಲ ಅಂತ ಅಷ್ಟೇ. ಕೆಲಸಕ್ಕೆ ಬಾರದ್ದು ಅನ್ನೋ ಧ್ವನಿ ಅದರಲ್ಲಿಲ್ಲ.

ಹರ್ಡಾಂಗರ್‌ವಿಡ್ಡದಲ್ಲಿ ಕಾಡು ಹಿಮಸಾರಂಗಗಳ ದೊಡ್ಡ ಹಿಂಡುಗಳಿವೆ. ಚಳಿಗಾಲದಲ್ಲಿ ಅವು ಗೊರಸಿನಿಂದ ಹಿಮ ಕೆರೆದು ಕೆಳಗಿನ ಬಿಳಿ ಕಲ್ಲುಹೂವು ತಿನ್ನುತ್ತವೆ. 1942ರ ಅಕ್ಟೋಬರಿನಲ್ಲಿ ನಾಲ್ಕು ಜನ ನಾರ್ವೆ ಸೈನಿಕರನ್ನು ಬ್ರಿಟನ್ನಿನ ವಿಮಾನ ಈ ಬಯಲಿನ ಮೇಲೆ ಇಳಿಸಿತು. ಅಣು ಸಂಶೋಧನೆಗೆ ಬೇಕಾದ ವೆಮೋರ್ಕ್ ಕಾರ್ಖಾನೆಯ ಭಾರಜಲ ಜರ್ಮನರಿಗೆ ಸಿಗದ ಹಾಗೆ ಮಾಡುವುದು ಗುರಿ. ಜೊತೆಗಾರರು ಬರುವವರೆಗೆ ತಿಂಗಳುಗಟ್ಟಲೆ ಕಾಯಬೇಕಾಯಿತು. ತಂದ ಆಹಾರ ಸಾಲಲಿಲ್ಲ. ಕಲ್ಲುಹೂವು ಬೇಯಿಸಿ ತಿಂದರು. ಕ್ರಿಸ್‌ಮಸ್ ಹೊತ್ತಿಗೆ ಒಂದು ಹಿಮಸಾರಂಗ ಸಿಕ್ಕಿ ಬದುಕಿದರು. ಅದರ ಹೊಟ್ಟೆಯಲ್ಲಿ ಅರ್ಧ ಅರಗಿದ ಕಲ್ಲುಹೂವನ್ನೂ ಬಿಡಲಿಲ್ಲ. 1943ರ ಫೆಬ್ರವರಿ ಕೊನೆಯಲ್ಲಿ ಕಾರ್ಖಾನೆಯ ಮೇಲಿನ ಆ ಕಾರ್ಯಾಚರಣೆ ಮುಗಿಯಿತು. ನಿಘಂಟಿನ ಪ್ರಕಾರ ಬಂಜರು ನೆಲ. ಅವರ ಹೊಟ್ಟೆ ತುಂಬಿಸಿದ್ದೂ ಅದೇ.

ಸಾಮಿ ಜನರ ಕಥೆ ನೀವು ಹೇಳಿದ್ದಕ್ಕೆ ಇನ್ನೂ ಹತ್ತಿರ. ಅವರ ಹಿಮಸಾರಂಗಗಳು ಚಳಿಗಾಲದಲ್ಲಿ ಮೇಯುವ ಫೋಸೆನ್ ಗುಡ್ಡಗಳ ಮೇಲೆ ಗಾಳಿಯಂತ್ರಗಳನ್ನು ನೆಟ್ಟರು. 2021ರ ಅಕ್ಟೋಬರಿನಲ್ಲಿ ನಾರ್ವೆಯ ಸುಪ್ರೀಂ ಕೋರ್ಟ್ ಆ ಪರವಾನಗಿ ಸಾಮಿಗಳ ಸಾಂಸ್ಕೃತಿಕ ಹಕ್ಕಿಗೆ ವಿರುದ್ಧ, ಊರ್ಜಿತವಲ್ಲ ಅಂತ ತೀರ್ಪು ಕೊಟ್ಟಿತು. ತೀರ್ಪಿನ ನಂತರವೂ ಯಂತ್ರಗಳು ತಿರುಗುತ್ತಲೇ ಇದ್ದವು. 2023ರಲ್ಲಿ ಯುವಕರು ಓಸ್ಲೋದಲ್ಲಿ ಸಚಿವಾಲಯದ ಬಾಗಿಲಿಗೆ ಅಡ್ಡ ಕೂತರು.

ಭೂಗೋಳಮೇಷ್ಟ್ರು:
ಬೋಳುತನ ಎಲ್ಲಾ ಕಡೆ ಒಂದೇ ಕಾರಣದ್ದಲ್ಲ ಅನ್ನುವುದೂ ಇಲ್ಲಿ ಬರಬೇಕು. ಫಿನ್ಸೆಯಲ್ಲಿ ಚಳಿ. ಕಾಕಾ ಅವರ ಕಂಬ್ರಿಯಾದಲ್ಲಿ ಬಹುಪಾಲು ಮನುಷ್ಯನ ಕೊಡಲಿ ಮತ್ತು ಕುರಿಯ ಬಾಯಿ. ಅಲ್ಲಿನ ಎಷ್ಟೋ ಇಳಿಜಾರಿನಲ್ಲಿ ಬೇಲಿ ಹಾಕಿ ಕುರಿ ಬಿಡದಿದ್ದರೆ ಮರ ಬರುತ್ತದೆ. ನಾರ್ವೆಯಲ್ಲೂ ಬೇಸಿಗೆಯ ಮೇವಿನಿಂದಾಗಿ ಮರದ ಗೆರೆ ಹವಾಮಾನಕ್ಕಿಂತ ಕೆಳಗೆ ಇಳಿದಿತ್ತು. ಈಗ ಮೇಯಿಸುವವರು ಕಡಿಮೆ, ಹವೆಯೂ ಬಿಸಿಯಾಗುತ್ತಿದೆ. ಬರ್ಚ್ ಮೇಲಕ್ಕೆ ಹತ್ತುತ್ತಿದೆ. ಆದ್ದರಿಂದ ‘ಬಂಜರು’ ಬಿಡಿ ಅನ್ನುವುದಕ್ಕೆ ನನ್ನ ಒಪ್ಪಿಗೆ ಇದೆ. ‘ಪ್ರಸ್ಥಭೂಮಿ’ ಬಿಡುವುದಕ್ಕೆ ಇಲ್ಲ.

ಕೆಂಡಲ್‌ಕಾಕಾ:
ಕುರಿಯ ಬಾಯಿ ಅನ್ನೋ ಮಾತನ್ನು ಇಲ್ಲಿನ ಪಬ್‌ನಲ್ಲಿ ಹೇಳಬೇಡಿ ಮೇಷ್ಟ್ರೇ, ಜಗಳ ಆಗುತ್ತದೆ. ಮರ ಬೇಕು ಅನ್ನುವವರದು ಒಂದು ಬಣ, ಕುರಿ ಬೇಕು ಅನ್ನುವವರದು ಇನ್ನೊಂದು. 2017ರಲ್ಲಿ ಲೇಕ್ ಡಿಸ್ಟ್ರಿಕ್ಟ್, ಅಂದರೆ ಕಂಬ್ರಿಯಾದ ಈ ಬೆಟ್ಟಸೀಮೆ, ಯುನೆಸ್ಕೋ ಪಟ್ಟಿಗೆ ಸೇರಿದಾಗ ಈ ಕುರಿ ಸಾಕಣೆಯ ಪರಂಪರೆಯೂ ಒಂದು ಕಾರಣವಾಗಿತ್ತು. ಜಗಳ ಇನ್ನಷ್ಟು ಹೆಚ್ಚಾಯಿತು.

ಹಾಳೆಹುಳು:
ಎಲ್ಲರಿಗೂ ಧನ್ಯವಾದ. ಹೀಗೆ ಮಾಡುತ್ತಿದ್ದೇನೆ. ಹೆಸರುಗಳಲ್ಲಿ ‘ಫ್ಯೆಲ್’, ಈಗಿನ ರೂಪ. ಸಾಹೇಬರು ಬೇಟೆಗೆ ಹೋಗುವ ಜಾಗಕ್ಕೆ ‘ಬೋಳುಬೆಟ್ಟ’. ಊರಿನವರು ದನ ಹೊಡೆದುಕೊಂಡು ಹೋಗುವಾಗ ಬರೀ ‘ಬೆಟ್ಟ’. ಮೇಷ್ಟ್ರ ‘ಪ್ರಸ್ಥಭೂಮಿ’ ಒಂದೇ ಒಂದು ಕಡೆ ಉಳಿದಿದೆ, ಸಾಹೇಬರು ಭೂವಿಜ್ಞಾನದ ಪಾಠ ಮಾಡುವ ಕಡೆ. ‘ಬಂಜರು’ ಎಲ್ಲೂ ಇಲ್ಲ.

ಮುಂದಿನ ಅಧ್ಯಾಯದಲ್ಲಿ ‘ಸೇಟರ್’ ಬರುತ್ತದೆ. ಸಾಹೇಬರು ಅಲ್ಲಿ ರಾತ್ರಿ ತಂಗಿ, ಕೆನೆ ಕುಡಿದು, ಚಿಗಟ ಕಡಿಸಿಕೊಂಡಿದ್ದಾರೆ. ಅದು ಮನೆಯಾ, ಕೊಟ್ಟಿಗೆಯಾ?

ಬರ್ಗನ್‌ವಾಸಿ:
ಎರಡೂ. ಬೇಸಿಗೆಯಲ್ಲಿ ದನ ಮೇಲೆ ಹೋದಾಗ ಹಾಲು ಕರೆಯುವ ಹೆಂಗಸರು ಜೊತೆಗೆ ಹೋಗಿ ಇರುತ್ತಿದ್ದ ಮರದ ಮನೆ, ಪಕ್ಕದಲ್ಲೇ ಕೊಟ್ಟಿಗೆ. ಅಲ್ಲೇ ಬೆಣ್ಣೆ, ಚೀಸ್ ಮಾಡುತ್ತಿದ್ದರು. ನಮ್ಮ ಪಶ್ಚಿಮ ಭಾಗದಲ್ಲಿ ಅದಕ್ಕೆ ‘ಸ್ಟೋಲ್’ ಅನ್ನುತ್ತಾರೆ. ಸದ್ಯಕ್ಕೆ ‘ಬೆಟ್ಟದ ಕೊಟ್ಟಿಗೆಮನೆ’ ಅಂತ ಹಾಕಿಕೊಳ್ಳಿ. ಅಡಿಕೆಸಿಪ್ಪೆ ಅವರ ಹತ್ತಿರ ಇದಕ್ಕಿಂತ ಒಳ್ಳೇ ಪದ ಇದ್ದರೂ ಇರಬಹುದು.

ಅಡಿಕೆಸಿಪ್ಪೆ:
ಇದೆ ಅನ್ನಿಸುತ್ತೆ. ರಾತ್ರಿ ಅಜ್ಜಿಗೆ ಫೋನ್ ಮಾಡಿ ಕೇಳಿ ಹೇಳ್ತೇನೆ.